ಒಂದು ಬೆಳಗಿನ ಜಾವ ಬರೆಯಲು ನಾನು ಮಾಡಿದ್ದು

ನನ್ನ ಕಾದಂಬರಿಯ ಕೊನೆಯ ಅಧ್ಯಾಯ 1948ರ ಸೆಪ್ಟೆಂಬರ್ 18ರ ಬೆಳಗಿನ ಜಾವ ನಡೆಯುತ್ತದೆ. ಊರು ಕೊಪ್ಪಳದ ಕಡೆಯದು, ಹೆಸರು ಮಾತ್ರ ಕಲ್ಪಿತ. ಆಗ ಆ ಸೀಮೆ ಹೈದರಾಬಾದಿನ ನಿಜಾಮನ ಆಡಳಿತದಲ್ಲಿತ್ತು. ಹಿಂದಿನ ಸಂಜೆ ನಿಜಾಮ ರೇಡಿಯೋದಲ್ಲಿ ಭಾರತದ ಸೈನ್ಯದ ಜೊತೆಗಿನ ಕದನ ನಿಲ್ಲಿಸಿದ ಸುದ್ದಿ ಹೇಳಿದ್ದ. ಹೀಗಿರುವಾಗ ಕೊನೆಗೆ ಒಬ್ಬ ಸೂರ್ಯನನ್ನು ಹುಟ್ಟಿಸಿಬಿಟ್ಟರೆ ಕೆಲಸ ಮುಗೀತು, ಅಲ್ವಾ? ಕತ್ತಲು ಹರಿಯಿತು, ಹಕ್ಕಿ ಕೂಗಿದವು, ಹುಡುಗನೊಬ್ಬ ಬಾವುಟ ಹಿಡಿದು ಓಡಿ ಬಂದ, ಶುಭಂ. ಇದನ್ನು ಬರೆಯಲು ಐದು ನಿಮಿಷ ಸಾಕು. ಸ್ವಾತಂತ್ರ್ಯದ ಕಾಲದ ಎಷ್ಟೋ ಕತೆಗಳು ಹೀಗೇ ಮುಗಿದಿವೆ.

ನನಗೂ ಬೆಳಗು ಬೇಕಿತ್ತು. ಆದರೆ ಆ ಬೆಳಗು ಆ ದಿನದ್ದೇ, ಆ ಊರಿನದ್ದೇ ಆಗಿರಬೇಕಿತ್ತು. ಜೊತೆಗೆ ಕನ್ನಡದಲ್ಲಿ ಬೆಳಗಿನ ಬಗ್ಗೆ ಬರೆಯಲು ಕೂತವರಿಗೆ ಇನ್ನೊಂದು ಫಜೀತಿ ಇದೆ. ಬೇಂದ್ರೆಯವರ ‘ಬೆಳಗು’ ಪದ್ಯ ಎಲ್ಲರ ತಲೆಯಲ್ಲೂ ಕೂತಿದೆ. ನೀವು ಮೂಡಲ ಕಡೆ ಸ್ವಲ್ಪ ಬಣ್ಣ ಹಚ್ಚಿದರೂ ಓದುವವರಿಗೆ ಆ ಹಾಡೇ ಕೇಳಿಸುತ್ತದೆ. ಹಾಗಾಗಿ ಆಕಾಶದ ಬಣ್ಣವನ್ನು ಮುಟ್ಟಲೇಬಾರದು ಅಂತ ಮೊದಲೇ ತೀರ್ಮಾನ ಮಾಡಿದೆ. ಮತ್ತೆ ಏನು ಉಳಿಯಿತು? ಅದನ್ನು ಹುಡುಕಲು ಬೆಳಗನ್ನೇ ಹೆಸರಲ್ಲಿ ಇಟ್ಟುಕೊಂಡ ಪುಸ್ತಕಗಳನ್ನು ಓದತೊಡಗಿದೆ. ಕಾದಂಬರಿ, ಇತಿಹಾಸ, ಎರಡೂ. ಬೇರೆಯವರು ಇದನ್ನು ಹೇಗೆ ನಿಭಾಯಿಸಿದ್ದಾರೆ ನೋಡೋಣ ಅಂತ.

ಅದರಲ್ಲಿ ನನ್ನನ್ನು ಬಹಳ ಕಾಲ ಹಿಡಿದಿಟ್ಟದ್ದು ಜಪಾನಿನ ಶಿಮಾಜಾಕಿ ತೋಸೊನ್ ಅವರ ‘ಬೆಳಗಾಗುವ ಮುನ್ನ’. 1929ರಿಂದ 1935ರವರೆಗೆ ಅಲ್ಲಿನ ‘ಚೂಓ ಕೋರೋನ್’ ಪತ್ರಿಕೆಯಲ್ಲಿ ಕಂತುಕಂತಾಗಿ ಬಂದದ್ದು. ನಾನು ಓದಿದ್ದು ವಿಲಿಯಂ ನಾಫ್ ಮಾಡಿದ ಇಂಗ್ಲಿಷ್ ಅನುವಾದ, 1987ರದು. ದಪ್ಪ ಪುಸ್ತಕ, ನಿಧಾನ, ಮೊದಮೊದಲು ತಾಳ್ಮೆ ಬೇಡುತ್ತದೆ. ಕಿಸೊ ಕಣಿವೆಯ ಬೆಟ್ಟದ ದಾರಿಯಲ್ಲಿ ಮಾಗೊಮೆ ಅಂತ ಒಂದು ಊರು. ದೊಡ್ಡವರ ಸವಾರಿ ಹೋಗುವಾಗ ತಂಗುವ ಜಾಗ. ಅಲ್ಲಿನ ತಂಗುಮನೆಯ ಯಜಮಾನ, ಊರಿನ ಮುಖಂಡನೂ ಆದ ಹಾನ್‌ಜೊ ಕತೆಯ ನಾಯಕ. 1853ರಲ್ಲಿ ಅಮೆರಿಕದ ಕಪ್ಪು ಹಡಗುಗಳು ಜಪಾನಿಗೆ ಬಂದ ಕಾಲದಿಂದ ಕತೆ ಶುರು. ಶೋಗುನ್ ಅನ್ನುವ ಸೇನಾಧಿಪತಿಗಳ ಹಳೆಯ ಆಡಳಿತ ಬಿದ್ದುಹೋಗಿ 1868ರಲ್ಲಿ ಚಕ್ರವರ್ತಿಯ ಆಡಳಿತ ಮತ್ತೆ ಬಂದದ್ದನ್ನು ಇತಿಹಾಸದ ಪುಸ್ತಕಗಳು ಆಧುನಿಕ ಜಪಾನಿನ ಬೆಳಗು ಅನ್ನುತ್ತವೆ. ಹಾನ್‌ಜೊ ಆ ಬೆಳಗಿಗಾಗಿ ಜೀವಮಾನವಿಡೀ ಕಾದವನು.

ಬೆಳಗು ಬಂತು. ಅವನಿಗೆ ಏನು ಸಿಕ್ಕಿತು? ಕಿಸೊ ಕಾಡಿನಲ್ಲಿ ಹಳೆಯ ಕಾಲದಲ್ಲಿ ಕೆಲವು ಜಾತಿಯ ಮರ ಕಡಿದರೆ ತಲೆಯೇ ಹೋಗುತ್ತಿತ್ತು. ಆದರೂ ಜನ ಸೌದೆ ಆಯಲು, ಹುಲ್ಲು ಕೊಯ್ಯಲು ಒಂದಷ್ಟು ಕಾಡು ಬಿಟ್ಟಿದ್ದರು. ಹೊಸ ಸರಕಾರ ಅದನ್ನೂ ತನ್ನದು ಅಂತ ಬೇಲಿ ಹಾಕಿತು. ಊರ ಪರವಾಗಿ ಅರ್ಜಿ ಹಾಕಿದ ಹಾನ್‌ಜೊನ ಹುದ್ದೆ ಹೋಯಿತು. ಟೋಕಿಯೋಗೆ ಹೋಗಿ ಚಕ್ರವರ್ತಿಯ ಸಾರೋಟಿನ ಕಡೆಗೆ ಪದ್ಯ ಬರೆದ ಬೀಸಣಿಗೆ ಎಸೆದ, ಸಿಕ್ಕಿಬಿದ್ದ. ಕೊನೆಗೆ ಊರ ಗುಡಿಗೆ ಬೆಂಕಿ ಹಚ್ಚಲು ಹೋದ. ಮನೆಯವರೇ ಅವನನ್ನು ಒಂದು ಕೋಣೆ ಕಟ್ಟಿ ಕೂಡಿಹಾಕಿದರು. ಅಲ್ಲೇ ಸತ್ತ. ಇದು ತೋಸೊನ್ ಅವರ ಸ್ವಂತ ಅಪ್ಪನ ಕತೆ. ಅಪ್ಪ ತೀರಿಕೊಂಡದ್ದು 1886ರಲ್ಲಿ, ಹೀಗೇ.

ಪುಸ್ತಕದ ಹೆಸರಲ್ಲಿ ಬೆಳಗು ಇದೆ, ಆದರೆ ಎಲ್ಲೂ ಲೇಖಕರು ಕೈ ತೋರಿಸಿ ‘ನೋಡಿ ಬೆಳಗಾಯಿತು’ ಅನ್ನುವುದಿಲ್ಲ. ದೊಡ್ಡ ದೊಡ್ಡ ಸುದ್ದಿಯೆಲ್ಲ ಆ ದಾರಿಗೆ ಹೊರೆಯಾಗಿ ಬರುತ್ತದೆ. 1861ರಲ್ಲಿ ರಾಜಕುಮಾರಿ ಕಾಜುನೊಮಿಯಾ ಮದುವೆಗೆಂದು ಎದೋಗೆ, ಅಂದರೆ ಈಗಿನ ಟೋಕಿಯೋಗೆ, ಹೊರಟಾಗ ಆ ದಾರಿಯ ಊರುಗಳಿಗೆ ಅದು ರಾಜಕೀಯ ಅಲ್ಲ, ಹಮಾಲರನ್ನು ಎಲ್ಲಿಂದ ತರುವುದು, ಕುದುರೆ ಎಷ್ಟು ಬೇಕು, ಹಾಸಿಗೆ ಸಾಲುತ್ತದಾ ಅನ್ನುವ ಚಿಂತೆ. ಯುಗ ಬದಲಾಗುವುದು ಅಂದರೆ ಕೆಳಗಿನವರಿಗೆ ಹೆಚ್ಚಿನ ಕೆಲಸ ಅಂತ ನನಗೆ ತಲೆಗೆ ಹೋದದ್ದು ಈ ಪುಸ್ತಕದಿಂದ. ಪೆನ್ಸಿಲ್‌ನಲ್ಲಿ ನನ್ನ ಟಿಪ್ಪಣಿ ಪುಸ್ತಕದಲ್ಲಿ ಬರೆದುಕೊಂಡೆ: ಆ ಹೊತ್ತಿಗೆ ಆಗಲೇ ಎದ್ದಿದ್ದವರು ಯಾರು? ಏನು ಮಾಡುತ್ತಿದ್ದರು?

ಈ ಪ್ರಶ್ನೆ ಇಟ್ಟುಕೊಂಡು ಓದಿದರೆ ಇತಿಹಾಸದ ಪುಸ್ತಕಗಳೂ ಬೇರೆ ಥರ ಕಾಣುತ್ತವೆ. ಹವಾಯಿಯಲ್ಲಿದ್ದ ಅಮೆರಿಕದ ನೌಕಾನೆಲೆ ಪರ್ಲ್ ಹಾರ್ಬರ್ ಮೇಲೆ ಜಪಾನ್ ಮಾಡಿದ ದಾಳಿಯ ಬಗ್ಗೆ ಗಾರ್ಡನ್ ಪ್ರಾಂಜ್ ಬರೆದ ದೊಡ್ಡ ಗ್ರಂಥ 1981ರಲ್ಲಿ ಬಂತು. ಲೇಖಕರು ತೀರಿಕೊಂಡ ಮೇಲೆ ಅವರ ಶಿಷ್ಯರು ಪೂರ್ತಿ ಮಾಡಿ ತಂದದ್ದು. ಹೆಸರಿನ ಅರ್ಥ ‘ಬೆಳಗಿನ ಜಾವ ನಾವು ಮಲಗಿದ್ದೆವು’. ಒಳ್ಳೆಯ ಹೆಸರು, ಮನಸ್ಸಿಗೆ ಕೂರುತ್ತದೆ. ಆದರೆ 1941ರ ಡಿಸೆಂಬರ್ 7ರಂದು ಅಲ್ಲಿ ಸೂರ್ಯ ಹುಟ್ಟಿದ್ದು ಆಗಿನ ಗಡಿಯಾರದಲ್ಲಿ ಆರೂವರೆಗೆ ಸ್ವಲ್ಪ ಮೊದಲು. ಬಾಂಬು ಬಿದ್ದದ್ದು ಎಂಟಕ್ಕೆ ಇನ್ನೇನು ಐದು ನಿಮಿಷ ಇರುವಾಗ. ಅಷ್ಟರಲ್ಲಿ ಬೆಳಕು ಹರಿದು ಒಂದೂವರೆ ಗಂಟೆ ಆಗಿತ್ತು. ಬೆಳಗಿನ ಜಾವದಲ್ಲಿ ನಡೆದದ್ದು ಬೇರೆ: ಜಪಾನಿನ ಹಡಗುಗಳಿಂದ ವಿಮಾನ ಮೇಲೆದ್ದದ್ದು ಸುಮಾರು ಆರಕ್ಕೆ. ಇನ್ನೊಂದು, ‘ಮಲಗಿದ್ದೆವು’ ಅನ್ನುವುದರಲ್ಲೂ ಇಬ್ಬರು ಲೆಕ್ಕಕ್ಕೆ ಬರುವುದಿಲ್ಲ. ಒಪಾನಾ ಗುಡ್ಡದ ಮೇಲೆ ಲಾಕರ್ಡ್ ಮತ್ತು ಎಲಿಯಟ್ ಅನ್ನುವ ಇಬ್ಬರು ಹುಡುಗರು ರೇಡಾರ್ ಮುಂದೆ ಕೂತಿದ್ದರು. ಅವರ ಪಾಳಿ ನಾಲ್ಕರಿಂದ ಏಳು. ತಿಂಡಿಗೆ ಕರೆದುಕೊಂಡು ಹೋಗುವ ಲಾರಿ ತಡವಾಯಿತು ಅಂತ ಸುಮ್ನೆ ಯಂತ್ರ ಆನ್ ಇಟ್ಟುಕೊಂಡಿದ್ದರು. ಏಳು ಗಂಟೆ ಎರಡು ನಿಮಿಷಕ್ಕೆ ಪರದೆಯ ಮೇಲೆ ವಿಮಾನಗಳ ದೊಡ್ಡ ಗುಂಪು ಕಂಡಿತು. ಫೋನ್ ಮಾಡಿ ಹೇಳಿದರು. ಅದು ನಮ್ಮವೇ ವಿಮಾನ ಇರಬೇಕು, ತಲೆ ಕೆಡಿಸಿಕೊಳ್ಳಬೇಡಿ ಅಂತ ಆ ಕಡೆಯ ಅಧಿಕಾರಿಯ ಉತ್ತರ. ನಾನು ಕಾದಂಬರಿಕಾರನಾಗಿ ಆ ಇಡೀ ದಿನದಿಂದ ಒಂದೇ ಒಂದು ದೃಶ್ಯ ಎತ್ತಿಕೊಳ್ಳಬೇಕು ಅಂದರೆ ತಿಂಡಿಯ ಲಾರಿಗೆ ಕಾಯುತ್ತಾ ಕೂತ ಆ ಇಬ್ಬರನ್ನೇ ಎತ್ತಿಕೊಳ್ಳುತ್ತೇನೆ.

ಎಲೀ ವೀಸೆಲ್ ಅವರ ಸಣ್ಣ ಕಾದಂಬರಿ ಇನ್ನೊಂದು ಜಾತಿಯದು. ಫ್ರೆಂಚ್‌ನಲ್ಲಿ 1960ರಲ್ಲಿ ಬಂದದ್ದು, ಹೆಸರೇ ‘ನಸುಕು’. ಬ್ರಿಟಿಷರ ಕೈಕೆಳಗಿದ್ದ ಪ್ಯಾಲೆಸ್ಟೈನ್. ಎಲಿಶಾ ಅನ್ನುವ ಹದಿನೆಂಟರ ಹುಡುಗ, ಹಿಟ್ಲರನ ಶಿಬಿರದಿಂದ ಬದುಕಿ ಬಂದವನು, ಈಗ ಯಹೂದಿ ಬಂಡುಕೋರರ ಜೊತೆ ಇದ್ದಾನೆ. ನಸುಕಿಗೆ ಬ್ರಿಟಿಷರು ಇವರ ಕಡೆಯವನೊಬ್ಬನನ್ನು ಗಲ್ಲಿಗೇರಿಸುತ್ತಾರೆ. ಅದೇ ಹೊತ್ತಿಗೆ ಇವನು ಒತ್ತೆಯಾಗಿ ಇಟ್ಟುಕೊಂಡ ಡಾಸನ್ ಅನ್ನುವ ಬ್ರಿಟಿಷ್ ಅಧಿಕಾರಿಯನ್ನು ಗುಂಡಿಟ್ಟು ಕೊಲ್ಲಬೇಕು. ಪುಸ್ತಕವೆಲ್ಲ ಆ ರಾತ್ರಿಯ ಕಾಯುವಿಕೆ, ಅಷ್ಟೇ. ಆರಂಭದಲ್ಲಿ ಒಬ್ಬ ಭಿಕ್ಷುಕ ಹುಡುಗನಿಗೆ ರಾತ್ರಿ ಆಯಿತು ಅಂತ ತಿಳಿಯುವುದು ಹೇಗೆ ಅಂತ ಕಲಿಸುತ್ತಾನೆ: ಕಿಟಕಿ ನೋಡು, ಅದರಲ್ಲಿ ಮುಖ ಕಂಡರೆ ರಾತ್ರಿ. ಕೊಲೆ ಮುಗಿದು ನಸುಕಾದಾಗ ಎಲಿಶಾ ಕಿಟಕಿಯ ಹತ್ತಿರ ಬರುತ್ತಾನೆ, ಅಲ್ಲಿ ಮುಖ ಕಾಣುತ್ತದೆ, ಅವನದೇ. ನನಗೆ ಇಲ್ಲಿ ಇಷ್ಟವಾದದ್ದು ಸಾಮಗ್ರಿಯ ಕಡಿಮೆತನ. ಒಂದು ಕಿಟಕಿ ಗಾಜು ಮಾತ್ರ. ಮೊದಲಿಗೇ ಅದನ್ನು ಓದುಗರ ಕೈಗೆ ಕೊಟ್ಟು, ಕೊನೆಯಲ್ಲಿ ಲೆಕ್ಕ ಕೇಳುತ್ತಾರೆ. ನನ್ನ ಅಧ್ಯಾಯಕ್ಕೂ ಇಂಥದ್ದೊಂದು ವಸ್ತು ಬೇಕು ಅನ್ನಿಸಿತು. ನಮ್ಮ ಕಡೆ ಆಗ ಕಿಟಕಿಗೆ ಗಾಜು ಎಲ್ಲಿಂದ ಬರಬೇಕು? ಮನೆಗೆ ಕಿಟಕಿಯೇ ಇರಲಿಲ್ಲ, ಗವಾಕ್ಷಿ ಇತ್ತು.

ಯುಗಕ್ಕೆ ಬೆಳಗು ಅಂತ ಹೆಸರಿಡುವ ಇತಿಹಾಸಗಳ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಆ ಹೆಸರು ಯಾವಾಗಲೂ ಆಮೇಲೆ ಬಂದವರು ಇಟ್ಟದ್ದು. ನಂದಳಿಕೆಯ ಮುದ್ದಣನನ್ನು ನಾವು ಹೊಸಗನ್ನಡದ ಮುಂಗೋಳಿ ಅಂತ ಪಾಠ ಓದಿದೆವು. ಆ ಮನುಷ್ಯ ತಾನು ಬರೆದದ್ದನ್ನು ಹಳೆಯ ಕಾಲದ ಕವಿಯ ಕೃತಿ ಅಂತ ಹೇಳಿ ಪತ್ರಿಕೆಗೆ ಕಳಿಸಿದವನು. 1901ರಲ್ಲಿ, ಮೂವತ್ತರ ಆಸುಪಾಸಿನಲ್ಲಿ, ಕ್ಷಯದಿಂದ ಸತ್ತ. ಬಡತನದ ಆ ದೈಹಿಕ ಶಿಕ್ಷಣದ ಮೇಷ್ಟ್ರಿಗೆ ತಾನು ಯಾವುದರ ಮುಂಗೋಳಿ ಅಂತ ಗೊತ್ತಾಗುವ ಹಾಗೇ ಇರಲಿಲ್ಲ. ಹಾಗೇ 1925ರಲ್ಲಿ ಗಾರ್ಡನ್ ಚೈಲ್ಡ್ ಯುರೋಪಿನ ನಾಗರಿಕತೆಯ ಬೆಳಗಿನ ಬಗ್ಗೆ ಬರೆದರು. 2021ರಲ್ಲಿ ಗ್ರೇಬರ್ ಮತ್ತು ವೆಂಗ್ರೋ ಬಂದು ‘ಎಲ್ಲದರ ಬೆಳಗು’ ಅಂತ ಹೆಸರಿಟ್ಟು, ಪುಸ್ತಕದ ತುಂಬಾ ಹಾಗೊಂದು ಒಂಟಿ ಬೆಳಗು ಇರಲೇ ಇಲ್ಲ ಅಂತ ವಾದಿಸಿದರು. ಬೇಟೆ, ಆಮೇಲೆ ಬೇಸಾಯ, ಆಮೇಲೆ ಊರು, ಆಮೇಲೆ ರಾಜ, ಹೀಗೆ ಒಂದೇ ಸಾಲಲ್ಲಿ ಜನ ಬರಲಿಲ್ಲ ಅನ್ನುವುದು ಅವರ ಮಾತು. ಹೆಸರು ನೋಡಿ ಕೊಂಡವರಿಗೆ ಸ್ವಲ್ಪ ತಮಾಷೆಯೇ.

ನಮ್ಮಲ್ಲೂ ಒಂಟಿ ಬೆಳಗು ಇರಲಿಲ್ಲ. 1947ರ ಆಗಸ್ಟ್ 15 ಬೆಂಗಳೂರಿನಲ್ಲಿ ಒಂದು ಥರ, ಧಾರವಾಡದಲ್ಲಿ ಒಂದು ಥರ. ಮೈಸೂರು ಸಂಸ್ಥಾನದಲ್ಲಿ ಜವಾಬ್ದಾರಿ ಸರಕಾರಕ್ಕಾಗಿ ಆ ಸೆಪ್ಟೆಂಬರಿನಲ್ಲಿ ಮತ್ತೆ ಬೀದಿಗಿಳಿಯಬೇಕಾಯಿತು, ಕೆ.ಸಿ. ರೆಡ್ಡಿಯವರ ಮಂತ್ರಿಮಂಡಲ ಬಂದದ್ದು ಅಕ್ಟೋಬರಿನಲ್ಲಿ. ಬೀದರ್, ಗುಲ್ಬರ್ಗಾ, ರಾಯಚೂರಿನಲ್ಲಿ ಆಗಸ್ಟ್ 15ಕ್ಕೆ ತಿರಂಗಾ ಹಾರಿಸಿದವರು ಜೈಲಿಗೆ ಹೋದರು. ನಮ್ಮ ಕಡೆಯ ಎಷ್ಟೋ ಹುಡುಗರು ಗಡಿ ದಾಟಿ, ನಿಜಾಮನ ವಿರುದ್ಧ ಹೋರಾಡುವವರ ಮುಂಡರಗಿಯ ಶಿಬಿರ ಸೇರಿದರು, ಅದನ್ನು ನಡೆಸಿದವರು ಅಳವಂಡಿ ಶಿವಮೂರ್ತಿಸ್ವಾಮಿಗಳು. ಊರಲ್ಲಿ ಉಳಿದವರು ನಿಜಾಮನ ಪರವಾಗಿ ಆಯುಧ ಹಿಡಿದಿದ್ದ ರಜಾಕಾರರ ಭಯದಲ್ಲಿ ರಾತ್ರಿ ಹೊಲದಲ್ಲಿ ಮಲಗಿದರು. ಹದಿಮೂರು ತಿಂಗಳು ಹೀಗೆ. ಆದ್ದರಿಂದ ನನ್ನ ಕಾದಂಬರಿಯ ಬೆಳಗು 1947ರದ್ದಲ್ಲ.

ಈಗ ಮಾಡಿದ ಕೆಲಸದ ವಿಷಯ.

ಮೊದಲು ಆಕಾಶ. ಸ್ಟೆಲೇರಿಯಂ ಅಂತ ಒಂದು ತಂತ್ರಾಂಶ ಇದೆ, ಕಂಪ್ಯೂಟರಿಗೆ ಪುಕ್ಕಟೆ ಸಿಗುತ್ತದೆ. ಊರು, ತಾರೀಕು, ಗಂಟೆ ಕೊಟ್ಟರೆ ಆ ಹೊತ್ತಿನ ಆಕಾಶವನ್ನು ತೋರಿಸುತ್ತದೆ. ಎಪ್ಪತ್ತು ವರ್ಷ ಹಿಂದಿನದಾದರೂ ಸರಿ. ಕೊಪ್ಪಳ ಹಾಕಿದೆ, 1948ರ ಸೆಪ್ಟೆಂಬರ್ 18 ಹಾಕಿದೆ. ನೋಡಿದರೆ ಹುಣ್ಣಿಮೆ! ಭಾದ್ರಪದದ ಹುಣ್ಣಿಮೆ. ಪಂಚಾಂಗದ ಲೆಕ್ಕಕ್ಕೂ ಹೊಂದುತ್ತದೆ, ಗಣೇಶ ಚೌತಿ ಆಗಿ ಹತ್ತು ಹನ್ನೊಂದು ದಿನ. ಸೂರ್ಯ ಹುಟ್ಟುವುದು ಆರೂ ಹತ್ತರ ಸುಮಾರಿಗೆ, ಅದೇ ಹೊತ್ತಿಗೆ ಆ ಕಡೆ ತುಂಬು ಚಂದ್ರ ಮುಳುಗುವುದರಲ್ಲಿ ಇದ್ದಾನೆ. ಅಷ್ಟೇ ಅಲ್ಲ, ಆ ತಿಂಗಳು ಶುಕ್ರ ಬೆಳಗಿನ ಆಕಾಶದಲ್ಲಿ. ರಾತ್ರಿ ಮೂರರ ಸುಮಾರಿಗೇ ಬೆಳ್ಳಿ ಚಿಕ್ಕಿ ಮೂಡಿ, ಸೂರ್ಯ ಬರುವಷ್ಟರಲ್ಲಿ ಮೇಲೆ ಏರಿ ಕೂತಿರುತ್ತದೆ.

ಅಂದರೆ ಕತ್ತಲು ಹರಿಯುವ ಮಾತೇ ಇಲ್ಲ. ಆ ರಾತ್ರಿ ಕತ್ತಲೇ ಇರಲಿಲ್ಲ. ಮೋಡ ಇದ್ದಿರಬಹುದು, ಉತ್ತರಿ ಮಳೆಯ ದಿನಗಳು, ನಮ್ಮ ಕಡೆ ಮಳೆ ಜೋರಾಗಿ ಬರುವುದೇ ಆಗ. ಆದರೆ ಮೋಡದ ಹಿಂದೆಯೂ ಹುಣ್ಣಿಮೆ ಹುಣ್ಣಿಮೆಯೇ, ಅಂಗಳ ಬೂದಿ ಬಣ್ಣದಲ್ಲಿ ಕಾಣುತ್ತಿರುತ್ತದೆ. ಕೋಳಿಗಳೂ ಅಂಥ ರಾತ್ರಿ ನಡುರಾತ್ರಿಗೇ ಕೂಗಿ ಜನರನ್ನು ಎಬ್ಬಿಸುತ್ತವೆ. ಇದರ ಪಕ್ಕದಲ್ಲಿ ಸೆಪ್ಟೆಂಬರ್ 13 ಇಟ್ಟು ನೋಡಿ. ಭಾರತದ ಸೈನ್ಯ ಹೈದರಾಬಾದ್ ಸಂಸ್ಥಾನದ ಒಳಗೆ ನುಗ್ಗಿದ್ದು ಅವತ್ತು ಬೆಳಗಿನ ನಾಲ್ಕು ಗಂಟೆಗೆ. ಸೊಲ್ಲಾಪುರದ ಕಡೆಯಿಂದ ಮುಖ್ಯ ಪಡೆ, ನಮ್ಮ ಈ ಕಡೆ ಹೊಸಪೇಟೆಯಿಂದ ತುಂಗಭದ್ರೆ ದಾಟಿ ಇನ್ನೊಂದು. ಆ ರಾತ್ರಿ ಚಂದ್ರ ನಡುರಾತ್ರಿ ದಾಟಿದ ಮೇಲೆ ಮುಳುಗಿ ಹೋಗಿದ್ದ. ನಾಲ್ಕಕ್ಕೆ ಕಗ್ಗತ್ತಲು, ಮೂಡಲಲ್ಲಿ ಒಂದು ಶುಕ್ರ. ಸೈನಿಕರ ಬೆಳಗಿಗೆ ಕತ್ತಲು ಇತ್ತು. ಊರಿನವರ ಬೆಳಗಿಗೆ ಇರಲಿಲ್ಲ. ಇದನ್ನು ಕುರ್ಚಿಯಲ್ಲಿ ಕೂತು ಕಲ್ಪಿಸಿಕೊಳ್ಳಲು ನನ್ನಿಂದ ಆಗುತ್ತಿರಲಿಲ್ಲ.

ಆಕಾಶದ ಜೊತೆ ಗಡಿಯಾರವನ್ನೂ ನೋಡಿ ಅಂತ ಬರೆಯುವವರಿಗೆ ಯಾವಾಗಲೂ ಹೇಳುತ್ತೇನೆ. ಒಬ್ಬ ಗೆಳೆಯ ಕಯ್ಯೂರಿನ ರೈತ ಹೋರಾಟದ ಮೇಲೆ ನಾಟಕ ಬರೆಯುತ್ತಿದ್ದ. ನಿರಂಜನರ ‘ಚಿರಸ್ಮರಣೆ’ ಓದಿದವರಿಗೆ ಗೊತ್ತು, ಆಗ ಕಯ್ಯೂರು ದಕ್ಷಿಣ ಕನ್ನಡ ಜಿಲ್ಲೆಯ ಕಾಸರಗೋಡು ತಾಲೂಕಿನಲ್ಲಿತ್ತು. ನಾಲ್ವರು ಯುವಕರನ್ನು 1943ರ ಮಾರ್ಚ್ 29ರ ಬೆಳಗಿನ ಜಾವ ಕಣ್ಣೂರು ಜೈಲಿನಲ್ಲಿ ಗಲ್ಲಿಗೇರಿಸಿದರು. ಗೆಳೆಯ ಗೋಡೆ ಗಡಿಯಾರದಲ್ಲಿ ಐದು ಹೊಡೆಸಿ, ಆಚೆ ಕೆಂಪು ಬೆಳಕು ಹಾಕುವ ಯೋಚನೆಯಲ್ಲಿದ್ದ. ಯುದ್ಧದ ಕಾಲ ಅದು. 1942ರ ಸೆಪ್ಟೆಂಬರಿನಿಂದ 1945ರ ಅಕ್ಟೋಬರ್‌ವರೆಗೆ ಬ್ರಿಟಿಷ್ ಸರಕಾರ ಇಲ್ಲಿನ ಗಡಿಯಾರವನ್ನು ಒಂದು ಗಂಟೆ ಮುಂದೆ ಇಟ್ಟಿತ್ತು. ಗಡಿಯಾರ ಐದು ಅಂದರೆ ನಮ್ಮ ಲೆಕ್ಕಕ್ಕೆ ನಾಲ್ಕು. ಮಾರ್ಚ್ ಕೊನೆಗೆ ಕಣ್ಣೂರಿನಲ್ಲಿ ಸೂರ್ಯ ಬರುವುದು ನಮ್ಮ ಲೆಕ್ಕದ ಆರೂವರೆ ಹತ್ತಿರ, ಅಂದರೆ ಆಗಿನ ಗಡಿಯಾರದಲ್ಲಿ ಏಳೂವರೆ. ಐದಕ್ಕೆ ಎಲ್ಲಿಯ ಕೆಂಪು? ಆಕಾಶದಲ್ಲಿ ಇದ್ದದ್ದು ಅಮಾವಾಸ್ಯೆಯ ಕಡೆಗೆ ಸವೆಯುತ್ತಿದ್ದ ಅರೆಚಂದ್ರ. ಗೆಳೆಯ ಕೆಂಪು ದೀಪ ತೆಗೆಸಿದ. ರಂಗದ ಮೇಲೆ ಲಾಂದ್ರ ಒಂದೇ ಉಳಿಯಿತು, ದೃಶ್ಯ ಇನ್ನೂ ಗಟ್ಟಿಯಾಯಿತು ಅಂತ ನನ್ನ ಅಭಿಪ್ರಾಯ.

ಇನ್ನು ಜನ. ಸೆಪ್ಟೆಂಬರ್ 18ರ ಬೆಳಗ್ಗೆ ನಿಮಗೆ ಏನನ್ನಿಸಿತು ಅಂತ ಹಿರಿಯರನ್ನು ಕೇಳಿದರೆ ಒಂದೇ ಉತ್ತರ: ‘ಖುಷಿ ಆತು.’ ಅದು ಇಷ್ಟು ವರ್ಷ ಸೆಪ್ಟೆಂಬರ್ ಹದಿನೇಳರ ವಿಮೋಚನಾ ದಿನದ ಭಾಷಣ ಕೇಳಿ ಕೇಳಿ ಬಂದ ಉತ್ತರ. ಹಾಗಾಗಿ ಅವರನ್ನು ಆ ದಿನದ ಬಗ್ಗೆ ಕೇಳುವುದನ್ನೇ ಬಿಟ್ಟೆ. ಮಾಮೂಲಿ ದಿನ ಬೆಳಗ್ಗೆ ಏನು ಮಾಡುತ್ತಿದ್ದಿರಿ ಅಂತ ಕೇಳಿದೆ. ಆಗ ಬಾಯಿ ಬಿಟ್ಟರು. ಒಬ್ಬ ಅಜ್ಜಿ, ಆಗ ಹತ್ತು ಹನ್ನೆರಡರ ಹುಡುಗಿ, ಹೇಳಿದ್ದು ಹೀಗೆ: ‘ಸೂರ್ಯ ಹುಟ್ಟೂದು ಯಾರು ನೋಡ್ಯಾರೋ ಯಪ್ಪಾ? ಬೀಸಿ, ಎಮ್ಮಿ ಹಿಂಡಿ, ರೊಟ್ಟಿ ಬಡದು ಹೊರಗ ಬಂದ್ರ ಆಗಲೇ ಬಿಸಲ ಬಿದ್ದಿರ್ತಿತ್ತು.’ ನಾನು ಕೇಳಿದೆ, ‘ಗಡಿಯಾರ ಇರಲಿಲ್ಲ, ಬೀಸೋದು ಸಾಕು ಅಂತ ಹೆಂಗ ಗೊತ್ತಾಗ್ತಿತ್ತು ಯವ್ವಾ?’ ಅಜ್ಜಿ ನನ್ನ ಮುಖ ನೋಡಿ, ಇದೂ ಒಂದು ಪ್ರಶ್ನೆಯಾ ಅನ್ನುವ ಹಾಗೆ, ‘ಬಾಂಗ್ ಕೂಗ್ತಿತ್ತಲ್ಲ’ ಅಂದಳು.

ಅವರ ಮನೆಯ ಹಿಂದಿನ ಓಣಿಯಲ್ಲಿ ಸಣ್ಣ ಮಸೀದಿ. ಮೊದಲ ಬಾಂಗ್ ಆಗುವುದು ಬೆಳಕು ಹರಿಯುವ ಬಹಳ ಮುಂಚೆ, ಸುಮಾರು ಐದಕ್ಕೆ. ಅವ್ವ ಬೀಸುಕಲ್ಲಿನ ಮುಂದೆ ಕೂತು ಪದ ಹೇಳುತ್ತಾ ಬೀಸುತ್ತಿದ್ದಳಂತೆ, ಬಾಂಗ್ ಕೇಳಿದ ಕೂಡಲೇ ಪದ ನಿಲ್ಲಿಸಿ ಹಿಟ್ಟು ಬಳಿದುಕೊಂಡು ಎಮ್ಮೆಯ ಹತ್ತಿರ ಹೋಗುತ್ತಿದ್ದಳಂತೆ. ಲಿಂಗಾಯತರ ಮನೆ ಅದು. ಇಡೀ ಮನೆಯ ದಿನಚರಿ ಮಸೀದಿಯ ಕೂಗಿನ ಮೇಲೆ ನಡೆಯುತ್ತಿತ್ತು, ಅದರಲ್ಲಿ ಏನೋ ವಿಶೇಷ ಇದೆ ಅಂತ ಅವರಿಗೆ ಅನ್ನಿಸಿಯೇ ಇರಲಿಲ್ಲ.

ಬೇರೆ ಊರಿನಲ್ಲಿ, ಬೇರೆ ದಿನ, ಇನ್ನೊಬ್ಬ ಅಜ್ಜ ಸಿಕ್ಕರು. ಅವರ ಅಪ್ಪ ಮಸೀದಿಯಲ್ಲಿ ಬಾಂಗ್ ಕೂಗುತ್ತಿದ್ದವರು. ನಿಜಾಮನೂ ಗೊತ್ತಿಲ್ಲ, ರಜಾಕಾರರೂ ಬೇಕಿರಲಿಲ್ಲ, ಹಿಂಜುವ ಕೆಲಸ ಮಾಡಿ ಹೊಟ್ಟೆ ಹೊರೆದುಕೊಳ್ಳುತ್ತಿದ್ದ ಮನುಷ್ಯ. ಸೈನ್ಯ ಬಂತು ಅಂತ ಗೊತ್ತಾದ ಮೇಲೆ ಅಪ್ಪ ಕೆಲವು ದಿನ ಮಸೀದಿಗೆ ಹೋಗಲಿಲ್ಲ ಅಂದರು. ಮನೆಯ ಒಳಗೇ ಚಿಲಕ ಹಾಕಿ ನಮಾಜು ಮಾಡಿದರಂತೆ. ಯಾಕೆ ಅಂತ ನಾನು ಕೇಳಲಿಲ್ಲ. ಅವರೂ ಹೇಳಲಿಲ್ಲ. ಕೇಳುವ ಅಗತ್ಯವೂ ಇರಲಿಲ್ಲ, ಯಾಕೆಂದರೆ ಅದು ಕಾಗದದ ಮೇಲೆ ಇದೆ. ಆ ವರ್ಷದ ಕೊನೆಗೆ ಕೇಂದ್ರ ಸರಕಾರವೇ ಪಂಡಿತ್ ಸುಂದರ್‌ಲಾಲ್ ಅವರ ನೇತೃತ್ವದಲ್ಲಿ ಒಂದು ತಂಡ ಕಳಿಸಿತ್ತು. ಪೊಲೀಸ್ ಕಾರ್ಯಾಚರಣೆ ಅಂತ ಕರೆದ ಆ ಸೈನ್ಯದ ನುಗ್ಗುವಿಕೆಯ ಸಮಯದಲ್ಲಿ ಮತ್ತು ಅದಾದ ಮೇಲೆ ಸತ್ತವರು 27 ಸಾವಿರದಿಂದ 40 ಸಾವಿರ ಅಂತ ಆ ತಂಡದ ಅಂದಾಜು, ಬಹುತೇಕ ಮುಸ್ಲಿಮರು. ಹೆಚ್ಚು ಪೆಟ್ಟು ತಿಂದ ಜಿಲ್ಲೆಗಳು ಉಸ್ಮಾನಾಬಾದ್, ಗುಲ್ಬರ್ಗಾ, ಬೀದರ್, ನಾಂದೇಡ್. ವರದಿ ಬಹಳ ವರ್ಷ ಕಪಾಟಿನಲ್ಲೇ ಇತ್ತು. ಅದಕ್ಕೆ ಮುಂಚೆ ರಜಾಕಾರರು ಮಾಡಿದ್ದೂ ಸುಳ್ಳಲ್ಲ, ನನ್ನ ಕಾದಂಬರಿಯ ಅರ್ಧ ಭಾಗ ಅದರದ್ದೇ. ಒಂದನ್ನು ಹೇಳಲು ಇನ್ನೊಂದನ್ನು ಮುಚ್ಚುವ ಬರಹ ನನಗೆ ಆಗುವುದಿಲ್ಲ. 1947ರ ಆಗಸ್ಟಿನ ಬಗ್ಗೆ ಕವಿ ಫೈಜ್ ಅಹ್ಮದ್ ಫೈಜ್ ಬರೆದ ಉರ್ದು ಪದ್ಯದಲ್ಲಿ ಬೆಳಕಿಗೆ ಕಲೆ ಬಿದ್ದಿದೆ, ನಾವು ಹುಡುಕಿಕೊಂಡು ಹೊರಟ ಬೆಳಗು ಇದಲ್ಲ ಅನ್ನುತ್ತದೆ ಆ ಪದ್ಯ. ನಮ್ಮ ಜಿಲ್ಲೆಗಳಿಗೆ ಆ ಮಾತು ಒಂದು ವರ್ಷ ತಡವಾಗಿ ಅನ್ವಯಿಸಿತು.

ಇಷ್ಟು ಸಿಕ್ಕ ಮೇಲೆ ಅಧ್ಯಾಯ ತಾನಾಗೇ ಕೂಡಿಬಂತು. ಒಬ್ಬಳು ಹೆಂಗಸು ಬೀಸುಕಲ್ಲಿನ ಮುಂದೆ. ಗಂಡ ಮುಂಡರಗಿಯ ಶಿಬಿರದಲ್ಲಿ, ತಿಂಗಳುಗಳಿಂದ ಸುದ್ದಿ ಇಲ್ಲ. ಸೈನ್ಯದ ವಿಷಯ ಗಾಳಿಮಾತಾಗಿ ಬಂದಿದೆ. ರೇಡಿಯೋದ ಸುದ್ದಿ ಊರಿಗೆ ಇನ್ನೂ ಮುಟ್ಟಿಲ್ಲ. ಹೈದರಾಬಾದಿನಲ್ಲೂ ನಿಜಾಮನ ಸೇನಾಪತಿ ಎಲ್ ಎದ್ರೂಸ್ ಜನರಲ್ ಚೌಧುರಿಯವರ ಮುಂದೆ ಶರಣಾಗುವುದು ಅವತ್ತು ಮಧ್ಯಾಹ್ನದ ಮೇಲೆ, ಹಾಗಾಗಿ ಈ ಬೆಳಗು ಲೆಕ್ಕಕ್ಕೆ ಆ ಕಡೆಗೂ ಸೇರಿಲ್ಲ, ಈ ಕಡೆಗೂ ಸೇರಿಲ್ಲ. ಮನೆಯ ಬಾಗಿಲನ್ನು ಪಡುವಣಕ್ಕೆ ಇಟ್ಟೆ. ಮೂಡಲಕ್ಕೆ ಇಟ್ಟರೆ ಬೆಳ್ಳಿ ಚಿಕ್ಕಿ ಕಂಡು ಹೊತ್ತು ಗೊತ್ತಾಗಿಬಿಡುತ್ತದೆ. ಈಗ ಅವಳಿಗೆ ಕಾಣುವುದು ಚಂದ್ರನ ಬೆಳಕು ಬಿದ್ದ ಅಂಗಳ ಮಾತ್ರ. ಅದು ರಾತ್ರಿ ಎರಡಕ್ಕೂ ಹಾಗೇ ಇತ್ತು, ಈಗಲೂ ಹಾಗೇ ಇದೆ. ಕೋಳಿ ಆಗಲೇ ಎಷ್ಟೋ ಸಲ ಕೂಗಿ ಸುಮ್ಮನಾಗಿದೆ, ಅದನ್ನು ನಂಬುವ ಹಾಗಿಲ್ಲ. ಅವಳು ಬಾಂಗ್‌ಗೆ ಕಾಯುತ್ತಾ ಬೀಸುತ್ತಾಳೆ. ಬಾಂಗ್ ಬರುವುದಿಲ್ಲ. ಹಾಕಿಕೊಂಡ ಜೋಳ ಮುಗಿಯಿತು, ಇನ್ನೊಂದು ಬೊಗಸೆ ಹಾಕುತ್ತಾಳೆ. ಅದೂ ಮುಗಿಯಿತು. ಎಮ್ಮೆ ಕೊಟ್ಟಿಗೆಯಲ್ಲಿ ಒದರತೊಡಗುತ್ತದೆ, ಕೆಚ್ಚಲು ತುಂಬಿದೆ. ಕಲ್ಲಿನ ಸುತ್ತ ಹಿಟ್ಟು ದಿನಕ್ಕಿಂತ ಜಾಸ್ತಿ ಬಿದ್ದಿದೆ, ಹಿಟ್ಟಿನ ಬುಟ್ಟಿಯಲ್ಲಿ ಹಿಡಿಸುವುದಿಲ್ಲ. ಆಗ ಅವಳಿಗೆ ಗೊತ್ತಾಗುತ್ತದೆ, ಊರಲ್ಲಿ ಏನೋ ಆಗಿದೆ.

ಸೂರ್ಯ ಆ ಅಧ್ಯಾಯದಲ್ಲಿ ಹುಟ್ಟುವುದೇ ಇಲ್ಲ. ಬಾವುಟದ ಹುಡುಗನೂ ಇಲ್ಲ, ಅವನು ಬರಬೇಕಾದರೆ ಇನ್ನೂ ಕೆಲವು ಗಂಟೆ ಬೇಕು.

ಬರೆಯುವಾಗ ಕಷ್ಟಪಟ್ಟದ್ದು ಬೀಸುವ ಪದಗಳ ವಿಷಯದಲ್ಲಿ. ಜನಪದ ಸಂಗ್ರಹಗಳಲ್ಲಿ ನೂರಾರು ತ್ರಿಪದಿ ಸಿಗುತ್ತವೆ, ಬೆಳಗಾಗೆದ್ದು ಯಾರನ್ನು ನೆನೆಯಲಿ ಅನ್ನುವಂಥವು. ಎಲ್ಲರಿಗೂ ಗೊತ್ತಿರುವ ಒಂದನ್ನು ಹಾಕಿದರೆ ಓದುಗ ತಲೆಯಾಡಿಸಿ ಮುಂದೆ ಹೋಗುತ್ತಾನೆ. ನಾನು ಒಂದೂ ಪದ ಹಾಕಲಿಲ್ಲ. ಪದ ಎಲ್ಲಿ ನಿಂತಿತು, ಉಸಿರು ಎಲ್ಲಿ ಹಿಡಿಯಿತು, ಗೂಟ ಹಿಡಿದ ಕೈ ಯಾವಾಗ ಬದಲಾಯಿತು, ಅದನ್ನಷ್ಟೇ ಬರೆದೆ. ಇದಕ್ಕಾಗಿ ಬೀಸುಕಲ್ಲು ಹುಡುಕಿ, ನಾನೇ ಕೂತು ಬೀಸಿ ನೋಡಿದೆ. ಒಂದು ಸೇರು ಜೋಳ ನುಣ್ಣಗೆ ಆಗುವಷ್ಟರಲ್ಲಿ ರಟ್ಟೆ ಬಿದ್ದುಹೋಯಿತು. ಬಾಯಿಂದ ಪದ ಬರುವುದಿರಲಿ, ಉಸಿರೇ ಸರಿಯಾಗಿ ಬರಲಿಲ್ಲ. ಪಕ್ಕದ ಮನೆಯ ಅತ್ತೆ ನೋಡಿ ನಕ್ಕು, ಕಾಳು ಒಂದೇ ಸಲ ಜಾಸ್ತಿ ಹಾಕಬಾರದು, ಎಡಗೈಯಿಂದ ಸ್ವಲ್ಪ ಸ್ವಲ್ಪ ಬಿಡಬೇಕು ಅಂತ ತೋರಿಸಿದರು. ಆ ಎಡಗೈ ಈಗ ಅಧ್ಯಾಯದಲ್ಲಿದೆ.

ಪ್ರಕಾಶಕರು ಮುಖಪುಟಕ್ಕೆ ಬೆಟ್ಟದ ಹಿಂದೆ ಹುಟ್ಟುವ ಸೂರ್ಯನ ಚಿತ್ರ ಮಾಡಿಸಿದ್ದರು. ಚೆನ್ನಾಗೇ ಇತ್ತು. ಬೇಡ ಅಂದೆ. ಯಾಕೆ ಅಂತ ಕೇಳಿದಾಗ ಕೊನೆಯ ಅಧ್ಯಾಯ ಮತ್ತೆ ಓದಿ ಅಂತ ಹೇಳಿದೆ. ಓದಿದರು, ಆಮೇಲೆ ಸೂರ್ಯನನ್ನು ತೆಗೆದು ಅದೇ ಜಾಗದಲ್ಲಿ ಬೀಸುಕಲ್ಲು ಇಟ್ಟರು. ದೂರದಿಂದ ನೋಡಿದರೆ ಎರಡೂ ದುಂಡಗೇ, ಕಲಾವಿದರಿಗೆ ಜಾಸ್ತಿ ಕೆಲಸ ಆಗಲಿಲ್ಲ.

ನಿಮ್ಮ ಊರಿನ ಇಂಥ ಒಂದು ಬೆಳಗು ಬರೆಯುವ ಯೋಚನೆ ಇದ್ದರೆ ಆದಷ್ಟು ಬೇಗ ಹೊರಡಿ. 1948ರಲ್ಲಿ ಹತ್ತು ವರ್ಷ ಇದ್ದವರಿಗೆ ಈಗ ತೊಂಬತ್ತರ ಹತ್ತಿರ. ಮನೆಯ ಬಾಗಿಲು ಯಾವ ದಿಕ್ಕಿಗಿತ್ತು, ನೀರು ಎಲ್ಲಿಂದ ತರುತ್ತಿದ್ದಿರಿ, ಮೊದಲು ಏಳುತ್ತಿದ್ದವರು ಯಾರು, ಅವರನ್ನು ಎಬ್ಬಿಸುತ್ತಿದ್ದದ್ದು ಯಾವ ಸದ್ದು, ಇಷ್ಟು ಕೇಳಿ ಸುಮ್ಮನೆ ಕೂರಿ. ಫೋನಿನಲ್ಲಿ ರೆಕಾರ್ಡ್ ಮಾಡುವುದಾದರೆ ಮೊದಲೇ ಹೇಳಿ ಮಾಡಿ. ಬೆಳಗ್ಗೆ ಹೋಗಬೇಡಿ, ಆಗ ಅವರಿಗೆ ಔಷಧಿ, ಸ್ನಾನ, ತಿಂಡಿ ಅಂತ ಕೆಲಸ ಇರುತ್ತದೆ. ಮಧ್ಯಾಹ್ನ ಊಟ ಆಗಿ ಒಂದು ನಿದ್ದೆ ಮುಗಿದ ಮೇಲೆ ಹೋದರೆ ಮಾತು ಸಲೀಸಾಗಿ ಬರುತ್ತದೆ.